ಉಮ್ಮರಾಕನ ಮುಳುಗಿದ ಗಾಡಿ

ಉಮ್ಮರಾಕ ಯಾವ ಮಿಶಿನ್ನಿನ ಹತ್ರ ಹೋದ್ರೂ ಮೊದ್ಲು ಎರಡೂ ಕೈ ಬೆನ್ನ ಹಿಂದೆ ಕಟ್ಟಿಕೊಳ್ತಿದ್ರು. ಕೈ ಕಟ್ಟಿ, ಕುತ್ತಿಗೆ ಮಾತ್ರ ಮುಂದೆ ಚಾಚಿ, ಹೆಣ್ಣು ನೋಡ್ಲಿಕ್ಕೆ ಬಂದ ಅತ್ತೆಯ ಹಾಗೆ ಒಂದು ಸುತ್ತು ಬರುವುದು. ಮುಟ್ಟುವುದಿಲ್ಲ. "ಚರಿತ್ರೆ ಹೇಳಿ" ಅಂತ ಕೇಳುವುದು. ಇದು ಯಾರ ಕೈಯಿಂದ ಬಂತು, ಯಾವ ದಾರಿಯಲ್ಲಿ ಓಡಿತು, ಕಡೆಗೆ ಬಿಚ್ಚಿದ್ದು ಯಾರು, ಬಿಚ್ಚಿದವ ಎಂತ ಹೇಳಿದ. ಎಲ್ಲ ಕೇಳಿ ಆದ ಮೇಲೆಯೇ ಆ ಕೈಗಳು ಬೆನ್ನು ಬಿಟ್ಟು ಮುಂದೆ ಬರ್ತಿದ್ದದ್ದು. ಬಂದ ಮೇಲೆ ಮತ್ತೆ ಮಾತಿಲ್ಲ.

ಉಳ್ಳಾಲದ ಕಡೆಯ ಬ್ಯಾರಿ ಮುಸಲ್ಮಾನ. ಇಲ್ಲಿ ಒಮಾನಿನ ಸಹಮ್‌ನಲ್ಲಿ, ಸಮುದ್ರಕ್ಕೆ ಹೋಗುವ ರೋಡಿನಲ್ಲಿ ವರ್ಕ್‌ಶಾಪ್. ಸುರುವಿಗೆ ಪಿಕಪ್ ಗಾಡಿ ರಿಪೇರಿ, ಆಮೇಲೆ ಮೀನುಗಾರರ ಬೋಟಿನ ಇಂಜಿನ್. ನಾವು ಅದರ ಹಿಂದಿನ ಬಿಲ್ಡಿಂಗಿನ ಎರಡನೇ ಮಾಳಿಗೆ. ನಾನು ಶಾಲೆಯಲ್ಲಿ ಇಂಗ್ಲಿಷ್ ಕಲಿಸ್ತಿದ್ದೆ, ರಿಟೈರ್ ಆದ ಮೇಲೆ ಮಗಳ ಮನೆಯಲ್ಲೇ ಉಳಿದೆ. ಉಮ್ಮರಾಕ ನನಗಿಂತ ಎಂಟು ಹತ್ತು ವರ್ಷ ದೊಡ್ಡವರು, ಆದ್ರೂ ನನ್ನನ್ನು ಟೀಚರಕ್ಕ ಅಂತಲೇ ಕರೆಯುವುದು. ಅರ್ಧ ತುಳು, ಅರ್ಧ ಕನ್ನಡ, ಸಿಟ್ಟು ಬಂದ್ರೆ ಅರಬಿ.

ಅವರಿಗೆ ಎಲ್ಲವೂ ಗಾಡಿಯೇ. ಬೋಟ್ ಗಾಡಿ, ಜನರೇಟರ್ ಗಾಡಿ, ಅವರ ಎರಡು ಮೊಣಕಾಲೂ "ಹಳೇ ಗಾಡಿ ಅಕ್ಕ, ಪಾರ್ಟ್ಸ್ ಸಿಗುವುದಿಲ್ಲ."

ಒಮ್ಮೆ ನನ್ನ ಮಿಕ್ಸಿ ಕೆಟ್ಟಿತು. ಬೋಟ್ ಇಂಜಿನ್ ಬಿಚ್ಚುವವರ ಹತ್ರ ಯಾರಾದ್ರೂ ಮಿಕ್ಸಿ ತಕೊಂಡು ಹೋಗ್ತಾರಾ ಅಂತ ಮಗಳು ನಗಾಡಿದ್ಳು. ನಾನು ಸೆರಗಲ್ಲಿ ಮುಚ್ಚಿಕೊಂಡು ಹೋದೆ. ಉಮ್ಮರಾಕ ಕೈ ಬೆನ್ನಿಗೆ ಕಟ್ಟಿದ್ರು.

"ಡ್ರೈವರ್ ಯಾರು?"

"ನಾನೇ."

"ನಿನ್ನೆ ಎಂತ ಲೋಡ್ ಹಾಕಿದ್ದು?"

"ತೆಂಗಿನಕಾಯಿ."

"ಬರೀ ತೆಂಗಿನಕಾಯಿಯಾ ಅಕ್ಕ?"

"ಹೌದು ಮಾರಾಯ್ರೇ. ಸಾರಿಗೆ ಮತ್ತೆಂತ ಹಾಕ್ತಾರೆ?"

"ನೋಡಿ ಅಕ್ಕ, ಮಿಶಿನ್ ಯಾವತ್ತೂ ಸುಳ್ಳು ಹೇಳುವುದಿಲ್ಲ. ಓನರ್ ಹೇಳ್ತಾರೆ." ಹಾಗೆ ಹೇಳಿ ಜಾರು ಬಿಚ್ಚಿದ್ರು. ಬ್ಲೇಡಿನ ಬುಡದಿಂದ ಇಕ್ಕಳದಲ್ಲಿ ಒಂದು ಚೂರು ತೆಗೆದು ನನ್ನ ಕಣ್ಣ ಮುಂದೆ ಹಿಡಿದ್ರು. ಒಣ ಅರಸಿನದ ಕೊಂಬು, ಕಲ್ಲಿನ ಹಾಗಿದ್ದದ್ದು. "ಇದು ಯಾವ ಜಾತಿಯ ತೆಂಗಿನಕಾಯಿ?"

ನಗಾಡಿ ನಗಾಡಿ ನನಗೆ ಹೊಟ್ಟೆನೋವು. ಅವತ್ತಿಂದ ನಾನು ಎಂತ ಹೇಳಿದ್ರೂ, ಬೆಂಡೆಕಾಯಿ ಚೆನ್ನಾಗುಂಟು ಅಂದ್ರೂ, ಅವರದ್ದು ಒಂದೇ ಪ್ರಶ್ನೆ: "ತೆಂಗಿನಕಾಯಿಯಾ ಅಕ್ಕ?"

ಆದ್ರೆ ಚರಿತ್ರೆ ಹೇಳದ ಗಿರಾಕಿ ಅಂದ್ರೆ ಅವರಿಗೆ ತಮಾಷೆ ಇಲ್ಲ. ಒಬ್ಬ ದೊಡ್ಡ ಮನುಷ್ಯ ಹೊಸ ಬೋಟಿನ ಇಂಜಿನ್ ತಂದಿಟ್ಟು, "ಅದೆಲ್ಲ ನಿನಗ್ಯಾಕೆ, ರಿಪೇರಿ ಮಾಡು" ಅಂದ. ಉಮ್ಮರಾಕ ಕೈ ಬಿಚ್ಚಲೇ ಇಲ್ಲ. "ಖಲಾಸ್. ಯಲ್ಲಾ" ಅಂತ ದಾರಿ ತೋರಿಸಿದ್ರು. ವೀಸಾ ಕೊಟ್ಟ ಕಫೀಲ್ ಬಂದು ಬೈದ್ರೂ ಕೇಳಲಿಲ್ಲ. ನಾನು ಆಮೇಲೆ ಕೇಳಿದೆ, "ಅಷ್ಟು ಹಟ ಎಂತಕ್ಕೆ ಉಮ್ಮರಾಕ? ಬಿಚ್ಚಿದ್ರೆ ಗೊತ್ತಾಗ್ತದಲ್ಲ?"

"ಬಿಚ್ಚಿದ್ರೆ ಎಂತ ಕೆಟ್ಟಿದೆ ಅಂತ ಗೊತ್ತಾಗ್ತದೆ. ಯಾಕೆ ಕೆಟ್ಟಿತು ಅಂತ ಗೊತ್ತಾಗುವುದಿಲ್ಲ. ನನ್ನ ಬಾಪನ ಕತೆಯೇ ನೋಡಿ."

ಹಾಗೆ ಬಂತು ಬಾಪನ ಕತೆ. ಅವರಲ್ಲಿ ಅಪ್ಪನಿಗೆ ಬಾಪ ಅಂತ ಹೇಳುವುದು.

ಎರಡನೇ ದೊಡ್ಡ ಯುದ್ಧದ ಕಾಲದಲ್ಲಿ ಅವರ ಬಾಪ ಬೊಂಬಾಯಿಗೆ ಹೋಗಿ ಬ್ರಿಟಿಷರ ಸಾಮಾನಿನ ಹಡಗು ಹತ್ತಿದ್ರು. ಇಂಜಿನ್ ರೂಮಿನಲ್ಲಿ ಕಲ್ಲಿದ್ದಲು ಹಾಕುವ ಕೆಲಸ. ಹಡಗಿಗೆ ಯಾರೋ ಬಿಳಿ ಹೆಂಗಸಿನ ಹೆಸರು, ಉಮ್ಮರಾಕ ಅದನ್ನು ದೊರೆಸಾನಿ ಅಂತಿದ್ರು, ನಾನೂ ಹಾಗೇ ಬರೀತೇನೆ. ದೊರೆಸಾನಿ ಬಸ್ರಾಕ್ಕೆ ಅಂತ ಹೊರಟದ್ದು ಬಸ್ರಾ ಮುಟ್ಟಲಿಲ್ಲ. ಅಷ್ಟೇ ಗೊತ್ತು. ಹಡಗಿನ ದೊರೆಗಳ ಮನೆಗೆ ತಂತಿ ಹೋಗಿರಬೇಕು, ಕಲ್ಲಿದ್ದಲು ಹಾಕುವವನ ಮನೆಗೆ ಯಾರು ಬರೀತಾರೆ? ಆಗ ಉಮ್ಮರಾಕ ಉಮ್ಮನ ಹೊಟ್ಟೆಯಲ್ಲಿ.

ಗಂಡ ಸತ್ರೆ ಅವರಲ್ಲಿ ಹೆಂಗಸು ನಾಲ್ಕು ತಿಂಗಳು ಹತ್ತು ದಿನ ಒಳಗೆ ಇದ್ದತ್ ಕೂತುಕೊಳ್ಳಬೇಕು. ಉಮ್ಮ ಕೂರಲಿಲ್ಲ. "ಸತ್ತದ್ದು ಯಾರು ನೋಡಿದ್ದು?" ಅಂತ ಕೇಳಿದ್ರಂತೆ. ಮಯ್ಯಿತ್ತು, ಅಂದ್ರೆ ಹೆಣ, ಇಲ್ಲದಿದ್ರೂ ದೂರದಿಂದಲೇ ನಮಾಜು ಮಾಡ್ಲಿಕ್ಕೆ ಆಗ್ತದೆ, ಗಾಯಿಬ್ ನಮಾಜು ಅಂತ. ಮಸೀದಿಯ ಮುಸ್ಲಿಯಾರ್ ಬಂದು ಮಾಡಿಸುವ ಅಂದ್ರು. ಬದುಕಿದ್ದವರ ಮೇಲೆ ಮಾಡಿಸ್ತೀರಾ ಅಂತ ಉಮ್ಮ ಬಾಗಿಲು ಹಾಕಿದ್ರು. ಸಾಯುವವರೆಗೂ ಬಣ್ಣದ ಬಟ್ಟೆ, ಕೈ ತುಂಬ ಬಳೆ. ಊರವರು ಬಾಯಿಗೆ ಬಂದ ಹಾಗೆ ಮಾತಾಡಿದ್ರು. ಸಾಯುವ ದಿನ ಮಗನ ಕೈ ಹಿಡಿದು ಹೇಳಿದ್ದು ಒಂದೇ: "ಸರಿಯಾಗಿ ಗೊತ್ತಾದ ಮೇಲೆ ಮಾಡಿಸು. ಅಂದಾಜಿಗೆ ಮಾಡಿಸಬೇಡ."

"ಈಗ ಇದ್ರೂ ನೂರು ದಾಟಿದವರು ಉಮ್ಮರಾಕ," ನಾನು ಹೇಳಿದೆ. "ಇನ್ನು ಯಾವ ಸಾಕ್ಷಿ ಬೇಕು? ಮಾಡಿಸಿ."

"ಸತ್ತದ್ದು ಸತ್ಯ ಅಕ್ಕ. ಹೇಗೆ, ಯಾರ ಕೈಯಿಂದ ಅಂತ ಬೇಡವಾ? ಚರಿತ್ರೆ ಇಲ್ಲದೆ ಬಾಪನನ್ನು ಹೇಗೆ ಮುಟ್ಟುವುದು?"

ಅವರಿಗೆ ಒಂದು ಗುಮಾನಿ ಇತ್ತು. ಇಲ್ಲಿಂದ ಸೀದಾ ಸಮುದ್ರದ ಒಳಗೆ, ಬೋಟಿನಲ್ಲಿ ಅರ್ಧ ದಿನದ ದಾರಿ ಹೋದ್ರೆ, ಅದೇ ಯುದ್ಧದ ಒಂದು ಜರ್ಮನ್ ಸಬ್‌ಮೆರೀನ್ ಮುಳುಗಿ ಬಿದ್ದಿದೆ. ಅಲ್ಲಿ ಬಲೆ ಹಾಕಿದ್ರೆ ಹರಿದೇ ಬರುವುದು. ಒಬ್ಬ ಒಮಾನಿ ಮುದುಕ, ತನ್ನ ಅಪ್ಪ ಆ ದಿಕ್ಕಿನಲ್ಲಿ ಹೊಗೆ ಎದ್ದದ್ದು ನೋಡಿದ್ದ ಅಂತ ಇವರಿಗೆ ಹೇಳಿದ್ದ. ಸಬ್‌ಮೆರೀನ್ ಇಲ್ಲಿಗೆ ಎಂತಕ್ಕೆ ಬಂತು? ಬಸ್ರಾದ ದಾರಿ ಕಾಯ್ಲಿಕ್ಕೆ. ಆ ದಾರಿಯಲ್ಲಿ ಯಾರು ಬರ್ತಿದ್ರು? ದೊರೆಸಾನಿ. ಉಮ್ಮರಾಕನ ಲೆಕ್ಕದಲ್ಲಿ ಎಲ್ಲ ನಟ್ಟು ಬೋಲ್ಟು ಸರಿ ಕೂತಿತ್ತು. ಸಾಯಂಕಾಲ ವರ್ಕ್‌ಶಾಪಿನ ಶಟರ್ ಎಳೆದು, ಸಮುದ್ರದ ಕಡೆ ತಿರುಗಿ ನಿಲ್ತಿದ್ರು. ಕೈ ಬೆನ್ನ ಹಿಂದೆ.

"ಆ ಗಾಡಿಯ ಸರ್ವಿಸ್ ಹಿಸ್ಟರಿ ಒಂದು ಸಿಕ್ಕಿದ್ರೆ ಸಾಕಿತ್ತು ಅಕ್ಕ. ಜರ್ಮನ್ನವರು ಎಲ್ಲ ಬರೆದಿಡ್ತಾರಂತೆ. ದೊರೆಸಾನಿ ಹೆಸರು ಅದರಲ್ಲಿದ್ರೆ ನನಗೆ ಅದೇ ಮರಣಪತ್ರ."

ಅವರಿಗೆ ಇಂಗ್ಲಿಷ್ ಓದ್ಲಿಕ್ಕೆ ಬರುವುದಿಲ್ಲ. ನಾನು ಸುಮ್ಮನಿರಬೇಕಿತ್ತು. ಇರಲಿಲ್ಲ. ಮೊಮ್ಮಗಳಿಗೆ ಹೇಳಿದೆ, ಅವಳು ಕಂಪ್ಯೂಟರಿನಲ್ಲಿ ಹುಡುಕಿ ನಾಲ್ಕು ಹಾಳೆ ಪ್ರಿಂಟ್ ತಂದುಕೊಟ್ಟಳು. "ಅಜ್ಜಿ, ದಿಸ್ ಒನ್ ಈಸ್ ಸೋ ಬೋರಿಂಗ್" ಅಂದ್ಳು. ಅವಳಿಗೆ ನನ್ನ ಪಾಠವೂ ಬೋರಿಂಗೇ. ನಾನು ಯಾಕೆ ಅಂತ ಕೇಳಲಿಲ್ಲ, ಓದಿಯೂ ನೋಡಲಿಲ್ಲ. ಇಬ್ಬರೂ ಒಟ್ಟಿಗೆ ಕೇಳುವ ಅಂತ ಹಾಗೇ ತಕೊಂಡು ಹೋದೆ.

ಶುಕ್ರವಾರ, ಜುಮಾ ಆದ ಮೇಲೆ. ವರ್ಕ್‌ಶಾಪಿಗೆ ರಜೆ. ಉಮ್ಮರಾಕ ಸೋಪಿನ ಪುಡಿ ಹಾಕಿ ಮೊಣಕೈವರೆಗೆ ತೊಳೆದು ಬಂದು ಸ್ಟೂಲಿನಲ್ಲಿ ಕೂತ್ರು. ನಾನು ಓದ್ತಾ ಹೋದೆ, ಕನ್ನಡ ಮಾಡಿ ಹೇಳ್ತಾ ಹೋದೆ.

ಮೊದ್ಲು ಆ ಸಬ್‌ಮೆರೀನ್ ಹುಟ್ಟಿದ ಊರು. ಆಮೇಲೆ ಟ್ರೈನಿಂಗ್. ಆಮೇಲೆ ಚಳಿ ಸಮುದ್ರದಲ್ಲಿ ಎರಡು ಟ್ರಿಪ್, ಎರಡರಲ್ಲೂ ಪೆಟ್ಟು ತಿಂದು ವಾಪಸ್.

"ಯಾರು ರಿಪೇರಿ ಮಾಡಿದ್ದು?"

"ಬರೆದಿಲ್ಲ."

"ಛೆ. ಅದೇ ಬರೀಬೇಕಿತ್ತು."

ಆಮೇಲೆ ಆಫ್ರಿಕಾ ಸುತ್ತಿಕೊಂಡು ಇಷ್ಟು ದೂರ. ನಡುಸಮುದ್ರದಲ್ಲಿ ಇನ್ನೊಂದು ಹಡಗು ಬಂದು ಡೀಸೆಲ್ ತುಂಬಿಸಿತ್ತು ಅಂತ ಹೇಳಿದಾಗ ಉಮ್ಮರಾಕ ಸ್ಟೂಲಿನಿಂದ ಎದ್ದೇ ಬಿಟ್ರು. "ನೀರಿನ ಮೇಲೆ? ಅಲೆ ಇರುವಾಗ? ಯಾ ಅಲ್ಲಾ, ಪೈಪ್ ಹಿಡಿದವನ ಕೈ ನೋಡಬೇಕು ಅಕ್ಕ!" ಒಂದು ಗಳಿಗೆ ಅವರಿಗೆ ಬಾಪ ಮರೆತುಹೋಗಿ ಬರೀ ಮೆಕ್ಯಾನಿಕ್ ಆಗಿದ್ರು. ಒಳಗೆ ಬೆಂಕಿಯಂಥ ಸೆಕೆ, ಬ್ಯಾಟರಿಯ ವಾಸನೆ, ಹುಡುಗರು ಅಂಗಿ ಇಲ್ಲದೆ ಕೆಲಸ ಮಾಡ್ತಿದ್ರು ಅಂತ ಇತ್ತು. "ನಮ್ಮ ಹಾಗೇ," ಅಂದ್ರು.

ಕಡೆಯ ಹಾಳೆ. ಇಲ್ಲೇ ನೀರಿನ ಮೇಲೆ ಇರುವಾಗ ವಿಮಾನ ಬಂತು. ಮುಳುಗಿ ತಪ್ಪಿಸಿಕೊಳ್ಳುವ ಅಂತ ಅರ್ಧ ಇಳಿಯುವಾಗ ಬಾಂಬ್ ಬಿತ್ತು. ಒಬ್ಬ ಮಾತ್ರ ಈಜಿ ದಡ ಸೇರಿದ. ಉಳಿದವರೆಲ್ಲ ಒಳಗೇ.

ಅದರ ಕೆಳಗೆ ಒಂದು ಸಾಲು. ಈ ಸಬ್‌ಮೆರೀನ್ ಮುಳುಗಿಸಿದ ಹಡಗುಗಳು: ಸೊನ್ನೆ.

ಅದನ್ನು ನಾನು ಜೋರಾಗಿ ಓದಲಿಲ್ಲ. ಇನ್ನೊಮ್ಮೆ ನೋಡಿದೆ. ಸೊನ್ನೆಯೇ. ಅಷ್ಟು ದೂರದಿಂದ ಬಂದದ್ದು ಒಂದು ದೋಣಿಯನ್ನೂ ಮುಟ್ಟಲಿಲ್ಲ. ಬಂತು, ಸತ್ತಿತು, ಅಷ್ಟೇ.

"ಅಕ್ಕ," ಉಮ್ಮರಾಕ ಕೇಳಿದ್ರು, "ದೊರೆಸಾನಿ ಉಂಟಾ?"

ಅವರ ಮುಖ ನೋಡಬಾರದಿತ್ತು ನಾನು. ಇಷ್ಟು ವರ್ಷದ ಮುದುಕ, ಪರೀಕ್ಷೆಯ ರಿಸಲ್ಟಿಗೆ ನಿಂತ ಮಕ್ಕಳ ಹಾಗೆ ಕೂತಿದ್ರು. ನನ್ನ ಬಾಯಿ ನನ್ನನ್ನು ಕೇಳಲೇ ಇಲ್ಲ.

"ಉಂಟು," ಅಂದೆ.

"ಎಲ್ಲಿ? ತೋರಿಸಿ."

ಮೊದ್ಲಿನ ಹಾಳೆ ಮೇಲಕ್ಕೆ ತೆಗೆದು ಯಾವುದೋ ಒಂದು ಸಾಲಿನ ಮೇಲೆ ಬೆರಳಿಟ್ಟೆ. ಅದು ಸಬ್‌ಮೆರೀನ್ ಕಟ್ಟಿದ ಕಾರ್ಖಾನೆಯ ಹೆಸರು. ನಾನು ಬೆರಳು ತೆಗೆದ ಕೂಡಲೇ ಅವರು ತನ್ನ ಬೆರಳು ಇಟ್ರು. ತುಂಬ ಹೊತ್ತು ತೆಗೆಯಲಿಲ್ಲ. ಎಷ್ಟು ತೊಳೆದ್ರೂ ಗ್ರೀಸ್ ಹೋಗುವ ಬೆರಳಲ್ಲ ಅದು. ಹಾಳೆಯ ಮೇಲೆ ಅಚ್ಚು ಬಿತ್ತು.

ಮರುವಾರ ಮಸೀದಿಯಲ್ಲಿ ಬಾಪನ ಗಾಯಿಬ್ ನಮಾಜು ಆಯ್ತು. ನನಗೆ ಒಂದು ಡಬ್ಬ ಖರ್ಜೂರ ತಂದುಕೊಟ್ರು. "ಬಾಪ ಕನಸಲ್ಲಿ ಬರ್ತಿದ್ರು ಅಕ್ಕ, ಮುಖ ಇಲ್ಲದೆ. ನಾನು ನೋಡ್ಲೇ ಇಲ್ಲವಲ್ಲ, ಮುಖ ಎಲ್ಲಿಂದ ಬರ್ಬೇಕು? ಈ ವಾರ ಬರಲಿಲ್ಲ." ಹಾಗೆ ಹೇಳಿ ನಗಾಡಿದ್ರು. ಒಂದು ಸುಳ್ಳಿಗೆ ಇಷ್ಟು ಒಳ್ಳೇದಾಗುವುದಾದ್ರೆ ಆಗ್ಲಿ ಅಂತ ನಾನೂ ನಗಾಡಿದೆ. ಖರ್ಜೂರ ತಿಂದೆ. ಚೆನ್ನಾಗಿಯೇ ಇತ್ತು.

ಆ ವರ್ಷ ಚಳಿಗಾಲದಲ್ಲಿ ಒಬ್ಬಳು ಜರ್ಮನ್ ಅಮ್ಮ ಬಂದಳು.

ಉಮ್ಮರಾಕನ ಓರಗೆಯವಳೇ, ಕೈಯಲ್ಲಿ ಕೋಲು, ತಲೆಗೆ ಹತ್ತಿಯ ಟೊಪ್ಪಿ. ಹೆಸರು ಹೇಳಿದ್ಳು, ನನ್ನ ನಾಲಗೆಗೆ ಹತ್ತಲಿಲ್ಲ. ಮೀನುಗಾರರ ಹತ್ರ ಸಬ್‌ಮೆರೀನ್ ಮುಳುಗಿದ ಜಾಗ ಕೇಳಿದ್ದಳಂತೆ, ಎಲ್ಲರೂ ಉಮ್ಮರಾಕನ ವರ್ಕ್‌ಶಾಪ್ ತೋರಿಸಿದ್ರು. ಅವಳದ್ದು ಇಂಗ್ಲಿಷ್. ಉಮ್ಮರಾಕ ನನಗೆ ಫೋನ್ ಮಾಡಿದ್ರು, "ಟೀಚರಕ್ಕ, ಒಂದು ಬಿಳಿ ಗಿರಾಕಿ ಬಂದಿದೆ, ಚರಿತ್ರೆ ಕೇಳಿ ಹೇಳಿ."

ನಾನು ಇಬ್ಬರ ನಡುವೆ ಕೂತೆ. ಸುಲೈಮಾನಿ ಚಾ ಬಂತು.

ಅವಳ ಅಪ್ಪ ಆ ಸಬ್‌ಮೆರೀನಿನಲ್ಲಿ ಇಂಜಿನ್ ನೋಡುವವನು. ಅವನು ಹೊರಟಾಗ ಇವಳು ಹುಟ್ಟಿರಲಿಲ್ಲ. ತಾಯಿ ಇನ್ನೊಂದು ಮದುವೆ ಆಗಲಿಲ್ಲ. ಈಗ ತಾಯಿಯ ಗೋರಿಯಿಂದ ಒಂದು ಮುಷ್ಟಿ ಮಣ್ಣು ಬಟ್ಟೆಯ ಚೀಲದಲ್ಲಿ ತಂದಿದ್ಳು. ಆ ಜಾಗದಲ್ಲಿ ನೀರಿಗೆ ಬಿಡಬೇಕು. ಯಾರಾದ್ರೂ ಬೋಟಿನಲ್ಲಿ ಕರಕೊಂಡು ಹೋಗ್ತೀರಾ?

ನಾನು ಒಂದೊಂದೇ ಹೇಳ್ತಾ ಹೋದೆ. ಹೇಳ್ತಾ ಹೇಳ್ತಾ ನನ್ನ ಕೈಯ ಚಾ ತಣಿಯಿತು. ಉಮ್ಮರಾಕ ಎದ್ದು ನಿಂತ್ರು. ಕೈ ಬೆನ್ನ ಹಿಂದೆ ಹೋಯ್ತು.

"ಅವರ ಮೇಲೆ ನನಗೆ ಸಿಟ್ಟಿಲ್ಲ ಅಂತ ಹೇಳಿ ಅಕ್ಕ. ಹೊಟ್ಟೆಯಲ್ಲಿದ್ದವರು ಎಂತ ಮಾಡ್ತಾರೆ? ಆದ್ರೆ ನನ್ನ ಬಾಪನನ್ನು ಮುಳುಗಿಸಿದವನಿಗೆ ಮಣ್ಣು ಹಾಕ್ಲಿಕ್ಕೆ ನಾನು ಇಂಜಿನ್ ಕಟ್ಟಿದ ಬೋಟ್ ಹೋಗ್ಲಿಕ್ಕಿಲ್ಲ. ನಾನು ಬೇಡ ಅಂದ್ರೆ ಇಲ್ಲಿ ಬೇರೆ ಬೋಟೂ ಹೋಗ್ಲಿಕ್ಕಿಲ್ಲ. ಚಾ ಕುಡಿಸಿ ಕಳಿಸಿ."

ಇದನ್ನು ಹಾಗೇ ಇಂಗ್ಲಿಷ್ ಮಾಡಿ ಹೇಳಿದೆ. ಬೇರೆ ಎಂತ ಹೇಳುವುದು? ಆ ಅಮ್ಮನ ಕಣ್ಣು ದೊಡ್ಡದಾಯ್ತು. ಕೋಲನ್ನು ಗಟ್ಟಿ ಹಿಡಿದುಕೊಂಡು ಮಾತಾಡಿದ್ಳು, ತುಂಬ ಹೊತ್ತು ಮಾತಾಡಿದ್ಳು. ಇಲ್ಲ, ಅದು ತಪ್ಪು. ನನ್ನ ಅಪ್ಪನ ಸಬ್‌ಮೆರೀನ್ ಒಂದು ಹಡಗನ್ನೂ ಮುಳುಗಿಸಲಿಲ್ಲ. ಬೇಕಾದ್ರೆ ದಾಖಲೆ ತೋರಿಸ್ತೇನೆ. ನನ್ನ ತಾಯಿ ಬದುಕಿದ್ದಷ್ಟು ದಿನ ಸಮಾಧಾನ ಅಂತ ಇದ್ದದ್ದು ಅದೊಂದೇ, ಅವನು ಯಾರನ್ನೂ ಕೊಲ್ಲದೆ ಸತ್ತ ಅಂತ. ದಯವಿಟ್ಟು ಅವರಿಗೆ ಹೇಳಿ. ಬೋಟ್ ಬೇಡ, ಇದನ್ನೊಂದು ಹೇಳಿ.

ಇಬ್ಬರೂ ನನ್ನ ಬಾಯಿ ನೋಡ್ತಾ ಇದ್ದಾರೆ.

ಹೇಳಿದ್ರೆ ಉಮ್ಮರಾಕನ ಬಾಪನಿಗೆ ಆದ ನಮಾಜು ಅಂದಾಜಿನ ನಮಾಜು ಆಗ್ತದೆ. ಸಾಯುವಾಗ ಉಮ್ಮ ಬೇಡ ಅಂದದ್ದು ಅದನ್ನೇ. ಹೇಳದಿದ್ರೆ ಈ ಹೆಂಗಸಿನ ಅಪ್ಪ ಮಾಡದ ಕೊಲೆಗೆ ಕೊಲೆಗಾರ ಆಗಿ ಉಳೀತಾನೆ, ಅದೂ ನನ್ನಿಂದ. ನಲವತ್ತು ವರ್ಷ ಮಕ್ಕಳಿಗೆ ಭಾಷೆ ಕಲಿಸಿದೆ. ಆ ದಿನ ಎರಡು ಭಾಷೆಯಲ್ಲೂ ಸುಳ್ಳೇ ಬಂತು.

"ಅವರಿಗೆ ಬೇಸರ ಆಯ್ತಂತೆ," ಅಂದೆ ಉಮ್ಮರಾಕನಿಗೆ.

ಅವಳಿಗೆ ಇಂಗ್ಲಿಷಿನಲ್ಲಿ ಹೇಳಿದ್ದು ಇನ್ನೂ ಕೆಟ್ಟದ್ದು: "ಹೇಳಿದೆ. ಅವರು ನಂಬುವುದಿಲ್ಲ."

ಅವಳು ಉಮ್ಮರಾಕನನ್ನು ನೋಡಿ ತಲೆ ತಗ್ಗಿಸಿದ್ಳು. ಉಮ್ಮರಾಕನೂ ತಗ್ಗಿಸಿದ್ರು. ಒಬ್ಬರ ಮೇಲೆ ಒಬ್ಬರಿಗೆ ಮರ್ಯಾದೆ ಇತ್ತು, ಸುಳ್ಳು ಮಾತ್ರ ನಡುವಲ್ಲಿ ಚಾ ಗ್ಲಾಸ್ ಹಿಡ್ಕೊಂಡು ಕೂತಿತ್ತು. ಅವಳು ಆ ಚೀಲವನ್ನು ಬ್ಯಾಗಿನೊಳಗೆ ಹಾಕಿ, ಜಿಪ್ ಎಳೆದು, ಟ್ಯಾಕ್ಸಿ ಹತ್ತಿದ್ಳು. ಮಣ್ಣು ಹೇಗೆ ಬಂತೋ ಹಾಗೇ ಹೋಯ್ತು.

ಟ್ಯಾಕ್ಸಿ ತಿರುಗಿದ ಮೇಲೆ ಉಮ್ಮರಾಕ ಕೇಳಿದ್ರು, "ಅವರು ಅಷ್ಟು ಹೊತ್ತು ಮಾತಾಡಿದ್ರು. ನೀವು ಹೇಳಿದ್ದು ಇಷ್ಟೇಯಾ ಅಕ್ಕ?"

"ಇಂಗ್ಲಿಷ್ ಹಾಗೆಯೇ. ನೀರು ಜಾಸ್ತಿ, ಬೇಳೆ ಕಡಿಮೆ."

ಅವರು ನಗಾಡಲಿಲ್ಲ. ತೆಂಗಿನಕಾಯಿಯಾ ಅಂತಲೂ ಕೇಳಲಿಲ್ಲ.

ಅದಾದ ಮೇಲೆ ಎಷ್ಟೋ ಸಲ ವರ್ಕ್‌ಶಾಪಿನ ಬಾಗಿಲವರೆಗೆ ಹೋಗಿ ಬಂದಿದ್ದೇನೆ. ಇವತ್ತು ಹೇಳಿಯೇ ಬಿಡುವುದು ಅಂತ ಮೆಟ್ಟಿಲು ಇಳಿಯುವುದು. ಅಲ್ಲಿ ಅವರು ಬಾಪನ ಹೆಸರು ಹೇಳಿಕೊಂಡು ಆರಾಮಲ್ಲಿ ಸ್ಪ್ಯಾನರ್ ಒರೆಸ್ತಾ ಇರುವುದು ಕಾಣುವುದು. ಮತ್ತೆ ಪಕ್ಕದ ಅಂಗಡಿಯಿಂದ ಒಂದು ಕಟ್ಟು ಕೊತ್ತಂಬರಿ ಸೊಪ್ಪು ತಕೊಂಡು ವಾಪಸ್ ಬರುವುದು. ಆ ವರ್ಷ ನಮ್ಮ ಮನೆಯಲ್ಲಿ ಕೊತ್ತಂಬರಿ ಸೊಪ್ಪಿಗೆ ಬರ ಇರಲಿಲ್ಲ.

ಈ ವರ್ಷ ಅವರ ವೀಸಾ ಮುಗೀತು. ಮೊಣಕಾಲೂ ಮುಗಿದಿತ್ತು. ವರ್ಕ್‌ಶಾಪ್ ಮಗನಿಗೆ ಬಿಟ್ಟು, ಊರಿಗೆ ಹೋಗಿ, ಅಲ್ಲಿಂದ ಹಜ್‌ಗೆ ಅಂತ ಹೊರಟ್ರು. ಹಜ್‌ಗೆ ಹೋಗುವವರು ಮೊದ್ಲು ಗುರ್ತದವರ ಮನೆಮನೆಗೆ ಹೋಗಿ, ನನ್ನಿಂದ ತಪ್ಪಾಗಿದ್ರೆ ಮಾಫ್ ಮಾಡಿ ಅಂತ ಕೇಳಬೇಕು. ಹಾಗೆ ನಮ್ಮ ಮನೆಗೂ ಬಂದ್ರು. ಲಿಫ್ಟ್ ಕೆಟ್ಟಿತ್ತು, ಎರಡು ಮಾಳಿಗೆ ಹತ್ತಿಯೇ ಬಂದ್ರು.

ಬಿಳಿ ಅಂಗಿ, ಬಿಳಿ ಪಂಚೆ. ನಾನು ನೋಡಿದ್ದು ಕೈ. ಉಗುರಿನೊಳಗೆ ಕಪ್ಪಿಲ್ಲ. ಯಾರದ್ದೋ ಕೈ ತಂದು ಜೋಡಿಸಿದ ಹಾಗೆ ಕಾಣ್ತಿತ್ತು.

"ಟೀಚರಕ್ಕ, ಇಷ್ಟು ವರ್ಷದಲ್ಲಿ ನನ್ನಿಂದ ಎಂತಾದ್ರೂ ತಪ್ಪಾಗಿದ್ರೆ ಮಾಫ್ ಮಾಡಿ."

"ನಿಮ್ಮಿಂದ ಎಂತದು ಉಮ್ಮರಾಕ, ತಪ್ಪು ನನ್ನದು..."

"ಎಲ್ಲರ ಹತ್ರ ಕೇಳಿ ಆಯ್ತು. ಆ ಜರ್ಮನ್ ಅಕ್ಕನ ಹತ್ರ ಕೇಳ್ಲಿಕ್ಕೆ ಬಾಕಿ. ಎಲ್ಲಿ ಅಂತ ಹುಡುಕುವುದು? ಒಂದು ಮುಷ್ಟಿ ಮಣ್ಣು. ಬೋಟಿಗೆ ಎಂತ ಭಾರ ಇತ್ತು ಅಕ್ಕ ಅದು?"

ನಾನು ಕುರ್ಚಿ ಅವರ ಹತ್ರ ಎಳೆದೆ. "ಉಮ್ಮರಾಕ, ಕೂತುಕೊಳ್ಳಿ. ಆ ಹಾಳೆ ಇತ್ತಲ್ಲ, ಅವತ್ತು ನಾನು ಓದಿದ್ದು. ಅದರಲ್ಲಿ ನಾನು ನಿಮಗೆ ಒಂದು..."

ಅವರು ಕೂರಲಿಲ್ಲ. ನನ್ನ ಮುಖ ನೋಡಿದ್ರು. ಇಂಜಿನ್ ನೋಡುವ ಹಾಗೆಯೇ, ಕುತ್ತಿಗೆ ಸ್ವಲ್ಪ ಮುಂದೆ ಮಾಡಿ. ಆದ್ರೆ ಕೈ ಬೆನ್ನ ಹಿಂದೆ ಇರಲಿಲ್ಲ. ಎರಡೂ ಕೈ ಮುಂದೆ ಇತ್ತು, ದುವಾ ಮಾಡುವಾಗಿನ ಹಾಗೆ ಬಿಚ್ಚಿ.

"ತೆಂಗಿನಕಾಯಿಯಾ ಅಕ್ಕ?"

ಹೌದು ಅಂತ ತಲೆ ಆಡಿಸಿದೆ.

"ಹಾಗಾದ್ರೆ ಬಿಚ್ಚುವುದು ಬೇಡ," ಅಂದ್ರು. "ಮಾಫ್ ಮಾಡಿದ್ದೇನೆ. ಎಂತಕ್ಕೆ ಅಂತ ಹೇಳಬೇಡಿ. ಹೇಳಿದ್ರೆ ನನ್ನಿಂದ ಆಗ್ಲಿಕ್ಕಿಲ್ಲ."

ಕೈಯನ್ನು ಎದೆಗೆ ಇಟ್ಟು, ಗೋಡೆ ಹಿಡ್ಕೊಂಡು, ಒಂದೊಂದೇ ಮೆಟ್ಟಿಲು ಇಳಿದು ಹೋದ್ರು. ಮೊಣಕಾಲಿನ ಸದ್ದು ಕೆಳಗಿನವರೆಗೂ ಕೇಳಿತು.

ಹಜ್ ಮುಗಿಸಿ ಊರಿಗೆ ಮುಟ್ಟಿದ ಮೇಲೆ ಒಂದು ಬೆಳಿಗ್ಗೆ ಚಾ ಕುಡೀತಾ ಹಾಗೇ ಹೋದ್ರಂತೆ. ಮಗ ಇಲ್ಲೇ ಸಹಮ್‌ನ ಮಸೀದಿಯಲ್ಲಿ ಗಾಯಿಬ್ ನಮಾಜು ಮಾಡಿಸಿದ. ನಾನು ರೋಡಿನ ಆಚೆ ಬದಿಯಲ್ಲಿ ಕೊತ್ತಂಬರಿ ಸೊಪ್ಪು ಹಿಡ್ಕೊಂಡು ನಿಂತಿದ್ದೆ.

ಆ ನಾಲ್ಕು ಹಾಳೆ ನನ್ನ ಹತ್ರವೇ ಉಂಟು. ಜರ್ಮನ್ ಅಮ್ಮನ ವಿಳಾಸ ನಾನೂ ಕೇಳಿಟ್ಟುಕೊಳ್ಳಲಿಲ್ಲ. ಮೊಮ್ಮಗಳು ಫೋನಿನಲ್ಲಿ ಟೈಪ್ ಮಾಡ್ಲಿಕ್ಕೆ ಕಲಿಸಿದ್ದಾಳೆ, ಇಂಗ್ಲಿಷೂ ಬರ್ತದೆ, ಕನ್ನಡವೂ ಬರ್ತದೆ. ಬರೆದು ಯಾರಿಗೆ ಕಳಿಸುವುದು? ಕಡೆಯ ಹಾಳೆಯಲ್ಲಿ ಸೊನ್ನೆ ಹಾಗೇ ಉಂಟು. ಮೊದ್ಲಿನ ಹಾಳೆಯಲ್ಲಿ, ಕಾರ್ಖಾನೆಯ ಹೆಸರಿನ ಮೇಲೆ, ಉಮ್ಮರಾಕನ ಬೆರಳು.